ಬನ್ನಿಯ ನಾಡಿಗೆ ಬಂದ ಬಳ್ಳಾರಿ ಜಾಲಿ

ವಿಜಯದಶಮಿಯಂದು ನಾವು ಪೂಜೆ ಮಾಡುವ ಬನ್ನಿ ಮರವೇ ಸಂಯುಕ್ತ ಅರಬ್ ಎಮಿರೇಟ್ಸಿನ ರಾಷ್ಟ್ರವೃಕ್ಷ. ಅಲ್ಲಿ ಅದನ್ನು ಗಾಫ್ ಎನ್ನುತ್ತಾರೆ. 2008ರಲ್ಲಿ ಅದಕ್ಕೆ ಆ ಪಟ್ಟ ಸಿಕ್ಕಿತು; 2019ನ್ನು ಸಹಿಷ್ಣುತೆಯ ವರ್ಷವೆಂದು ಆಚರಿಸಿದಾಗ ಲಾಂಛನಕ್ಕೂ ಅದನ್ನೇ ಆರಿಸಿಕೊಂಡರು. ನಮ್ಮಲ್ಲಿ ಕೆಲವು ಕಡೆ ಬೇರೊಂದು ಮರವನ್ನೂ ಬನ್ನಿಯೆಂದೇ ಪೂಜಿಸುತ್ತಾರೆ, ಆ ತಕರಾರು ಇಲ್ಲಿ ಬೇಡ. ದುಬೈ, ಅಬುಧಾಬಿಗಳ ಮರಳುಗಾಡಿನಲ್ಲಿ ನಿಂತಿರುವ ಗಾಫ್, ಉತ್ತರ ಕರ್ನಾಟಕದ ಊರಾಚೆಯ ಬನ್ನಿ, ರಾಜಸ್ಥಾನದಲ್ಲಿ 1730ರಲ್ಲಿ ಬಿಷ್ಣೋಯಿಗಳು ಯಾವುದನ್ನು ಅಪ್ಪಿಕೊಂಡು ಪ್ರಾಣ ಬಿಟ್ಟರೋ ಆ ಖೇಜ್ರಿ, ಮೂರೂ ಒಂದೇ ಜಾತಿ. ಹೆಚ್ಚು ಜನಕ್ಕೆ ಗೊತ್ತಿಲ್ಲದ ಸಂಗತಿ ಇನ್ನೊಂದಿದೆ. ನಮ್ಮ ಬಯಲುಸೀಮೆಯ ಕೆರೆಯಂಗಳ, ರೈಲು ಹಳಿಯ ಪಕ್ಕ, ಪಾಳುಬಿದ್ದ ಹೊಲಗಳನ್ನೆಲ್ಲ ಹಿಡಿದು ಕೂತಿರುವ ಬಳ್ಳಾರಿ ಜಾಲಿಯೂ ಆ ದೇಶದಲ್ಲಿ ಇದೆ. ಅಲ್ಲಿನವರು ಅದನ್ನು ಗುವೈಫ್ ಎಂದು ಕರೆಯುತ್ತಾರೆ. ಬನ್ನಿ ಹಿಂದೆ ಸರಿದ ಜಾಗಕ್ಕೆ ಜಾಲಿ ಬರುವ ಕತೆ ಎರಡೂ ಕಡೆ ನಡೆದಿದೆ. ಜಾಲಿಯೇ ಬನ್ನಿಯನ್ನು ಓಡಿಸಿತು ಎಂದು ಈ ಕತೆಯನ್ನು ಸಾಮಾನ್ಯವಾಗಿ ಹೇಳುತ್ತಾರೆ. ನನ್ನ ವಾದ ಸ್ವಲ್ಪ ಬೇರೆ. ಬನ್ನಿಯನ್ನು ಓಡಿಸಿದ್ದು ಬಹುಮಟ್ಟಿಗೆ ನಾವು, ಜಾಲಿಗೆ ಹಾಸಿಗೆ ಹಾಸಿಕೊಟ್ಟವರೂ ನಾವೇ. ಇದನ್ನು ಒಪ್ಪದೆ ಕೊಡಲಿ, ಜೆಸಿಬಿ ಹಿಡಿದು ಹೊರಟರೆ ಜಾಲಿ ಹೋಗುವುದಿಲ್ಲ.

ಮೊದಲು ಅದು ಬಂದ ಬಗೆ. ಬಳ್ಳಾರಿ ಜಾಲಿಗೂ ಬಳ್ಳಾರಿಗೂ ಹುಟ್ಟಿನ ನಂಟಿಲ್ಲ. ಅದರ ತವರು ಮಧ್ಯ ಅಮೆರಿಕ, ದಕ್ಷಿಣ ಅಮೆರಿಕದ ಉತ್ತರ ಭಾಗ, ಕೆರಿಬಿಯನ್ ದ್ವೀಪಗಳು. ಮದರಾಸು ಪ್ರಾಂತದ ಅರಣ್ಯಾಧಿಕಾರಿ ಕರ್ನಲ್ ಬೆಡ್ಡೋಮ್ ಸೌದೆ ಕೊಡುವ, ಬರಕ್ಕೆ ಬಗ್ಗದ ಮರವೊಂದು ಬೇಕೆಂದು ಬೀಜಕ್ಕೆ ಬರೆದ. ಜಮೈಕಾದಿಂದ ಬಂದ ಬೀಜವನ್ನು 1877ರಲ್ಲಿ ಕಡಪ ಜಿಲ್ಲೆಯ ಕಮಲಾಪುರಂನಲ್ಲಿ ಬಿತ್ತಿದರು. ಅದೇ ಹೊತ್ತಿಗೆ ಸಿಂಧ್ ಪ್ರಾಂತಕ್ಕೂ ಬೀಜ ಹೋಯಿತು. ಇಸವಿಯನ್ನು ಗಮನಿಸಬೇಕು. ಆಗ ದಖ್ಖಣದಲ್ಲಿ ಧಾತು ಈಶ್ವರದ ಘೋರ ಬರ. ಬಳ್ಳಾರಿ, ಕಡಪ, ಅನಂತಪುರಗಳ ಬೀದಿಬೀದಿಗಳಲ್ಲಿ ಜನ ಸಾಯುತ್ತಿದ್ದರು. ಬಳ್ಳಾರಿಯೂ ಆಗ ಮದರಾಸಿಗೇ ಸೇರಿತ್ತು. ಒಣನೆಲದಲ್ಲಿ ಹಸಿರಾಗಿ ನಿಲ್ಲುವ ಮರವನ್ನು ತರಬೇಕೆಂದು ಯಾರಾದರೂ ಆಗ ಯೋಚಿಸಿದ್ದರೆ ಅವರನ್ನು ಮೂರ್ಖರೆನ್ನಲಾಗದು. 1940ರಲ್ಲಿ ಜೋಧಪುರ ಸಂಸ್ಥಾನ ಇದಕ್ಕೆ ರಾಜವೃಕ್ಷದ ಪದವಿಯನ್ನೇ ಕೊಟ್ಟಿತು. 1961ರಲ್ಲಿ ಗುಜರಾತಿನ ಅರಣ್ಯ ಇಲಾಖೆ ಕಚ್ಛದ ಬನ್ನಿ ಎಂಬ ಹೆಸರಿನ ಹುಲ್ಲುಗಾವಲಿನ ಅಂಚಿನಲ್ಲಿ, ರಣದ ಉಪ್ಪು ಮುಂದೆ ಬರದಿರಲೆಂದು, ಇದನ್ನು ನೆಟ್ಟಿತು. ಎಲ್ಲ ಕಡೆ ಕೇಳಿದ್ದು ಒಂದೇ ಪ್ರಶ್ನೆ: ಬದುಕುತ್ತದೆಯೇ? ಬದುಕಿದ ಮೇಲೆ ನಿಲ್ಲುತ್ತದೆಯೇ ಎಂದು ಯಾರೂ ಕೇಳಲಿಲ್ಲ.

ಎಮಿರೇಟ್ಸಿಗೆ ಅದು ಬಂದದ್ದು 1970ರ ದಶಕದಲ್ಲಿ. 1966ರಲ್ಲಿ ಅಬುಧಾಬಿಯ ಆಡಳಿತ ವಹಿಸಿಕೊಂಡ ಶೇಖ್ ಜಾಯೆದ್ ಅದಕ್ಕೂ ಮುಂಚೆ ಇಪ್ಪತ್ತು ವರ್ಷ ಅಲ್ ಐನ್ ಓಯಸಿಸ್ಸಿನಲ್ಲಿ ಆಡಳಿತ ನಡೆಸಿದವರು. ಹೂಳು ತುಂಬಿದ್ದ ಫಲಜ್ ಕಾಲುವೆಗಳನ್ನು ತೆಗೆಸಿ ನೀರು ಹರಿಸಿದವರು. 1971ರಲ್ಲಿ ಒಕ್ಕೂಟವಾಗಿ, ತೈಲದ ಹಣ ಬಂದಮೇಲೆ, ಮರಳನ್ನು ಹಸಿರು ಮಾಡುವ ಅವರ ಆಸೆ ಸರ್ಕಾರದ ಕಾರ್ಯಕ್ರಮವಾಯಿತು. ಹೆದ್ದಾರಿಗಳ ಎರಡೂ ಬದಿಗೆ, ಊರುಗಳ ಸುತ್ತ, ಮರಳುದಿಬ್ಬಗಳ ನಡುವೆ ಬೇಲಿ ಹಾಕಿ ತೋಪುಗಳನ್ನು ಎಬ್ಬಿಸಿದರು. ಒಂದೊಂದು ಗಿಡದ ಬುಡಕ್ಕೂ ಕರಿ ಪೈಪು ಹೋಯಿತು, ಕೊಳವೆಬಾವಿಯ ನೀರು ಹನಿಹನಿಯಾಗಿ ಬಿತ್ತು. ಅಲ್ಲಿ ನೆಟ್ಟ ಮರಗಳಲ್ಲಿ ಗಾಫ್ ಇತ್ತು, ಬೋರೆ ಜಾತಿಯ ಸಿದ್ರ್ ಇತ್ತು. ಜೊತೆಗೆ ಬೇಗ ಬೆಳೆಯುವ ಜಾಲಿಯೂ ಇತ್ತು. ಗಾಫ್ ಮೊದಲ ಕೆಲವು ವರ್ಷ ಮೇಲಕ್ಕಿಂತ ಕೆಳಕ್ಕೆ ಬೆಳೆಯುವ ಮರ. ಬೇರು ನೀರು ಮುಟ್ಟುವ ತನಕ ಅದಕ್ಕೆ ಎಲೆಯ ಗೊಡವೆ ಕಡಿಮೆ. ಎರಡು ಮೂರು ವರ್ಷದಲ್ಲಿ ಫೋಟೋ ತೆಗೆಯುವಷ್ಟು ಹಸಿರು ಬೇಕಾದವರಿಗೆ ಜಾಲಿಯೇ ಸರಿ.

ಆಮೇಲೆ ಆದದ್ದನ್ನು ಅಲ್ಲಿನ ವಿಶ್ವವಿದ್ಯಾಲಯಗಳ ಸಸ್ಯಶಾಸ್ತ್ರಜ್ಞರು ಅಳೆದು ನೋಡಿದ್ದಾರೆ. ಅಲಿ ಎಲ್-ಕೆಬ್ಲಾವಿ ಮತ್ತವರ ಸಂಗಡಿಗರೊಬ್ಬರು 2007ರಲ್ಲಿ ಪ್ರಕಟಿಸಿದ ಅಧ್ಯಯನ ಈ ವಿಷಯದಲ್ಲಿ ಮುಖ್ಯವಾದದ್ದು. ಜಾಲಿಯ ನೆರಳಿನ ಕೆಳಗೆ ಎಷ್ಟು ಬಗೆಯ ಸಸಿಗಳಿವೆ, ನೆರಳಿನಾಚೆ ಎಷ್ಟಿವೆ ಎಂದು ಅವರು ಎಣಿಸಿದರು. ಮರ ದೊಡ್ಡದಾದಷ್ಟೂ, ಮರಗಳು ಒತ್ತೊತ್ತಾದಷ್ಟೂ ಕೆಳಗಿನ ಸಸಿಗಳ ಬಗೆ, ಸಂಖ್ಯೆ ಎರಡೂ ಕಡಿಮೆಯಾಗಿದ್ದವು. ಹೆಚ್ಚು ಏಟು ತಿಂದದ್ದು ಮಳೆ ಬಿದ್ದಾಗ ಹುಟ್ಟಿ, ಹೂ ಬಿಟ್ಟು, ಬೀಜ ಉದುರಿಸಿ ಕೆಲವೇ ವಾರಗಳಲ್ಲಿ ಸಾಯುವ ಒಂದು ವರ್ಷದ ಗಿಡಗಳು. ಮರುಭೂಮಿಯ ಸಸ್ಯಸಂಪತ್ತೆಂದರೆ ಬಹುಪಾಲು ಇವೇ. ಮಳೆಗಾಗಿ ವರ್ಷಗಟ್ಟಲೆ ಮರಳಿನಲ್ಲಿ ಕಾದು ಕೂತ ಬೀಜಗಳು ಅವು. ಜಾಲಿಯ ಕೆಳಗೆ ಮಳೆ ಬಿದ್ದರೂ ಅವು ಏಳುವುದು ಕಡಿಮೆ. ಅದೇ ಅಧ್ಯಯನದಲ್ಲಿ ಇನ್ನೊಂದು ಮಾತೂ ಇದೆ, ಅದನ್ನು ಮುಚ್ಚಿಡಬಾರದು: ಜಾಲಿಯ ಕೆಳಗಿನ ಮಣ್ಣಿನಲ್ಲಿ ಸಾರಜನಕ, ರಂಜಕ, ಪೊಟ್ಯಾಸಿಯಂ, ಸಾವಯವ ಅಂಶ ಹೆಚ್ಚೇ ಇತ್ತು. ಗಾಫ್ ಮತ್ತು ಜಾಲಿಯನ್ನು ಜೊತೆಜೊತೆಗೆ ಇಟ್ಟು ನೋಡಿದ ನಂತರದ ಅಧ್ಯಯನದಲ್ಲಿ ಗಾಫ್ ತನ್ನ ಕೆಳಗಿನ ಸಸಿಗಳಿಗೆ ಅಂಥ ಕೇಡು ಮಾಡುವುದು ಕಾಣಲಿಲ್ಲ. ಅಂದರೆ ಜಾಲಿ ಅಡುಗೆಯನ್ನೇನೋ ಚೆನ್ನಾಗಿ ಮಾಡಿಟ್ಟಿದೆ, ಉಣ್ಣಲು ಮಾತ್ರ ಯಾರನ್ನೂ ಒಳಗೆ ಬಿಡುವುದಿಲ್ಲ. ಇದರ ಮೇಲೆ ಅದರ ಹೂವಿನ ಪರಾಗ ಎಮಿರೇಟ್ಸಿನ ಉಬ್ಬಸ, ಅಲರ್ಜಿ ರೋಗಿಗಳ ಚರ್ಮಪರೀಕ್ಷೆಯಲ್ಲಿ ಮುಂಚೂಣಿಯಲ್ಲಿ ಕಾಣಿಸಿಕೊಂಡಿದೆ.

ಇಷ್ಟಾದರೂ ಅದು ಹಬ್ಬಿದ್ದು ಹೇಗೆ ಎಂಬ ಪ್ರಶ್ನೆ ಉಳಿಯುತ್ತದೆ, ಏಕೆಂದರೆ ನೆಟ್ಟ ಪರದೇಶಿ ಮರಗಳೆಲ್ಲ ಹಬ್ಬಲಿಲ್ಲ. ಉತ್ತರ ಅದರ ಕಾಯಿಯಲ್ಲಿದೆ. ಜಾಲಿಯ ಕಾಯಿ ಗೇಣುದ್ದದ, ಸ್ವಲ್ಪ ಬಾಗಿದ, ಹಣ್ಣಾದಾಗ ಹಳದಿ ತಿರುಗುವ ಕೋಡು, ಕಚ್ಚಿದರೆ ಸಿಹಿ. ಆ ಸಿಹಿತಿರುಳಿನ ಒಳಗೆ ಒಂದೊಂದು ಬೀಜಕ್ಕೂ ಬೇರೆಬೇರೆ ಗಟ್ಟಿ ಚಿಪ್ಪು. ಒಂಟೆ, ಮೇಕೆಗಳು ಕೋಡನ್ನು ತಿನ್ನುತ್ತವೆ, ಚಿಪ್ಪು ಅವುಗಳ ಹಲ್ಲಿಗೂ ಹೊಟ್ಟೆಗೂ ಸಿಕ್ಕದೆ ಪಾರಾಗಿ ಸಗಣಿಯೊಡನೆ ಹತ್ತಾರು ಮೈಲಿ ಆಚೆ ಬೀಳುತ್ತದೆ, ಗೊಬ್ಬರದ ಸಮೇತ. ಎಲೆಯನ್ನು ಮಾತ್ರ ಅವು ಮುಟ್ಟುವುದಿಲ್ಲ, ಕಹಿ. ಗಾಫಿನ ವಿಷಯ ತಿರುವು ಮುರುವು: ಅದರ ಎಲೆ ಒಂಟೆಗೆ ಪ್ರೀತಿ, ಮನುಷ್ಯರೂ ಎಳೆಚಿಗುರನ್ನು ತಿನ್ನುತ್ತಿದ್ದರು. ಹೀಗಾಗಿ ಒಂದೇ ಒಂಟೆ ಒಂದೇ ದಿನ ಗಾಫಿನ ಸಸಿಯನ್ನು ಬುಡಸಮೇತ ಮೇಯ್ದು, ಅಲ್ಲೇ ಜಾಲಿಯ ಬೀಜ ಹಾಕಿ ಹೋಗುತ್ತದೆ. ತೈಲಕ್ಕೆ ಮುಂಚಿನ ಕಾಲದಲ್ಲಿ ಒಂಟೆಗಳ ಸಂಖ್ಯೆಗೆ ಮೇವೇ ಮಿತಿ ಹಾಕುತ್ತಿತ್ತು. ಬೆದೂಯಿನರು ಮಳೆಯ ಜಾಡು ಹಿಡಿದು ಮಂದೆಯೊಡನೆ ನಡೆಯುತ್ತಿದ್ದರು. ಮೇಯ್ದ ಜಾಗ ಮತ್ತೆ ಚಿಗುರುವ ತನಕ ಅಲ್ಲಿಗೆ ಬರುತ್ತಿರಲಿಲ್ಲ. ಮೋಟಾರು ಬಂದಮೇಲೆ ಸವಾರಿಗೆ ಒಂಟೆ ಬೇಡವಾಯಿತು, ಆದರೆ ಒಂಟೆಗಳು ಕಡಿಮೆಯಾಗಲಿಲ್ಲ. ಓಟದ ಪಂದ್ಯ, ಮನೆತನದ ಪ್ರತಿಷ್ಠೆ, ಸರ್ಕಾರದ ಸಹಾಯಧನ ಸೇರಿ ಅವು ಲಕ್ಷಗಟ್ಟಲೆಯಾದವು. ಮೇವನ್ನು ಲಾರಿಯಲ್ಲಿ ತರಿಸಬಹುದಾದ್ದರಿಂದ ಮಂದೆ ಜಾಗ ಬಿಟ್ಟು ಏಳಬೇಕಾಗಿರಲಿಲ್ಲ. ಸುತ್ತಲಿನ ಮರಳು ವರ್ಷಪೂರ್ತಿ ಮೇಯಿಸಿಕೊಂಡಿತು.

ನೀರಿನದೂ ಇದೇ ಕತೆ. 70ರ ದಶಕದಿಂದ ಅಬುಧಾಬಿಯಲ್ಲಿ ಸರ್ಕಾರದ ನೆರವಿನಿಂದ ಸಾವಿರಾರು ತೋಟಗಳೆದ್ದವು. ಖರ್ಜೂರದ ಜೊತೆಗೆ ಒಂಟೆಗೆಂದು ರೋಡ್ಸ್ ಹುಲ್ಲು ಬೆಳೆದರು. ಅದು ಕುಡಿಯುವ ನೀರಿನ ಲೆಕ್ಕ ನೋಡಿ 2010ರಲ್ಲಿ ಅಬುಧಾಬಿ ಆ ಹುಲ್ಲಿಗೆ ಕೊಡುತ್ತಿದ್ದ ಸಹಾಯಧನವನ್ನೇ ನಿಲ್ಲಿಸಬೇಕಾಯಿತು. ಅಷ್ಟರಲ್ಲಿ ಅಂತರ್ಜಲ ಆಳಕ್ಕಿಳಿದಿತ್ತು. ನೂರಾರು ವರ್ಷದ ಗಾಫ್ ಹತ್ತಾರು ಮೀಟರು ಬೇರು ಬಿಟ್ಟು ನೀರು ಹಿಡಿದಿರುತ್ತದೆ, ಆದರೆ ನೀರು ಅದರ ಬೇರಿಗಿಂತ ಬೇಗ ಕೆಳಗಿಳಿದರೆ ಅದೇನು ಮಾಡೀತು? ಜಾಲಿಯ ಕುಲದ ಬೇರೂ ಕಮ್ಮಿಯಲ್ಲ. ಅರಿಜೋನಾದ ಗಣಿಯೊಂದರಲ್ಲಿ ಈ ಕುಲದ ಮರದ ಬೇರು 53 ಮೀಟರು ಆಳದಲ್ಲಿ ಸಿಕ್ಕಿತ್ತು. ಅದರ ಜೊತೆಗೆ ಜಾಲಿ ಮೇಲ್ಮಣ್ಣಿನಲ್ಲೂ ಅಗಲವಾಗಿ ಬೇರು ಹರಡಿ, ಪೈಪಿನಿಂದ ಸೋರಿದ್ದು, ತೋಟದಿಂದ ಹರಿದದ್ದು, ರಸ್ತೆಯ ಇಳಿಜಾರಿನಲ್ಲಿ ನಿಂತದ್ದು, ಎಲ್ಲವನ್ನೂ ಹೀರುತ್ತದೆ. ಅದು ದಟ್ಟವಾಗಿರುವ ಜಾಗಗಳನ್ನು ನೋಡಿದರೆ ಸಾಕು: ಉತ್ತರದ ಎಮಿರೇಟುಗಳ ಕಣಿವೆ ಬಯಲು, ಬಿಟ್ಟುಹೋದ ತೋಟ, ರಸ್ತೆಯಂಚು, ಊರಿನ ಹೊರವಲಯ. ಮನುಷ್ಯ ಕೈಯಾಡಿಸದ ಒಣ ದಿಬ್ಬಗಳ ನಡುವೆ ಅದು ಅಷ್ಟು ಸುಲಭವಾಗಿ ನುಗ್ಗಿಲ್ಲ.

ಕರ್ನಾಟಕದವರಿಗೆ ಇದು ಹೊಸದೇನಲ್ಲ. ಚಿತ್ರದುರ್ಗ, ಬಳ್ಳಾರಿ, ಕೋಲಾರಗಳ ಕೆರೆಗಳಲ್ಲಿ ಜಾಲಿ ಬೆಳೆದು ಕೆರೆ ಹಾಳಾಯಿತು ಎನ್ನುವುದು ಊರೂರ ದೂರು. ಕಾಲಕ್ರಮವನ್ನು ಸರಿಯಾಗಿ ಇಟ್ಟು ನೋಡಿದರೆ, ಹೂಳೆತ್ತುವ ಊರೊಟ್ಟಿನ ಪದ್ಧತಿ ನಿಂತದ್ದು ಮೊದಲು, ನೀರಗಂಟಿಯ ಕೆಲಸ ಕಳೆದುಹೋದದ್ದು ಮೊದಲು, ಕೊಳವೆಬಾವಿ ಬಂದು ಕೆರೆಯ ಹಂಗು ಹರಿದದ್ದು ಮೊದಲು. ಒಣಗಿದ, ಮೇಕೆ ಓಡಾಡುವ, ಯಾರೂ ಕೇಳದ ಹೂಳಿನ ಬಯಲು ಸಿಕ್ಕಮೇಲೆ ಜಾಲಿ ಬಂತು. ನೀರು ತುಂಬಿದ ಕೆರೆಯೊಳಗೆ ಇಳಿದು ಅದನ್ನು ಬತ್ತಿಸಲು ಜಾಲಿಯಿಂದ ಆಗುತ್ತಿರಲಿಲ್ಲ.

ಇಲ್ಲಿ ಒಂದು ಆಕ್ಷೇಪ ಬರಬಹುದು, ಬರಬೇಕು ಕೂಡ. ಕಾರಣ ಯಾರದೇ ಇರಲಿ, ಬೋಳುನೆಲದಲ್ಲಿ ಒಂದು ಮರ ನಿಂತಿದೆಯಲ್ಲ, ನೆರಳು ಕೊಡುತ್ತದೆ, ಮರಳು ಹಾರದಂತೆ ತಡೆಯುತ್ತದೆ, ಮಣ್ಣನ್ನೂ ಹದ ಮಾಡುತ್ತದೆ, ಅದನ್ನೇಕೆ ಕಡಿಯಬೇಕು? ನೂರು ಮಿಲಿಮೀಟರು ಮಳೆಯೂ ಬೀಳದ ದೇಶದಲ್ಲಿ ಮರ ಆರಿಸಿಕೊಳ್ಳುವ ಷೋಕಿ ಎಲ್ಲಿಂದ ಬರಬೇಕು? ಹೆದ್ದಾರಿಯ ಮೇಲೆ ಮರಳು ಬೀಳದಂತೆ ತಡೆಯುವ ಒಂದು ಸಾಲು ಜಾಲಿಯ ಬಗ್ಗೆ ಈ ಮಾತು ನಿಜವೇ. ಆದರೆ ಮರುಭೂಮಿಯನ್ನು ಮರವಿಲ್ಲದ ಕಾಡು ಎಂದು ಭಾವಿಸಿದವರ ವಾದ ಇದು. ಮಳೆ ಬಿದ್ದ ವರ್ಷ ದುಬೈಯ ಮರಳಿನ ಮೇಲೆ ಏಳುವ ಸಣ್ಣ ಹಸಿರು, ಅದನ್ನು ನಂಬಿದ ಹುಳು, ಹುಳು ನಂಬಿದ ಹಲ್ಲಿ, ಹಲ್ಲಿ ನಂಬಿದ ಹಕ್ಕಿ, ಇಷ್ಟನ್ನೂ ಸೊನ್ನೆ ಎಂದು ಬರೆದುಕೊಂಡರೆ ಮಾತ್ರ ಜಾಲಿ ಲಾಭವಾಗಿ ಕಾಣುತ್ತದೆ. ದುಬೈ ಮರುಭೂಮಿ ಸಂರಕ್ಷಣಾ ವಲಯ ಇದಕ್ಕೆ ಒಳ್ಳೆಯ ಸಾಕ್ಷಿ. 2003ರಲ್ಲಿ 225 ಚದರ ಕಿಲೋಮೀಟರಿಗೆ ಬೇಲಿ ಹಾಕಿ, ಒಂಟೆಯ ಮೇವನ್ನು ಹತೋಟಿಗೆ ತಂದು, ಗಾಫ್ ನೆಟ್ಟು ಕಾದರು. ಪರದೇಶಿ ಮರದ ಹಂಗಿಲ್ಲದೆ ಅಲ್ಲಿ ನೆಲ ಚೇತರಿಸಿಕೊಂಡಿತು, ಓರಿಕ್ಸ್ ಜಿಂಕೆಗಳು ಮೇಯುತ್ತಿವೆ. ಅಲ್ಲಿ ಬೇಲಿ ಮಾಡಿದ ಕೆಲಸ ದೊಡ್ಡದು, ಕೊಡಲಿಯದು ಸಣ್ಣದು.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿಯಾದದ್ದು, ಅದನ್ನು ಎತ್ತುವವರು ಬಡವರು. ಜಾಲಿ ಬೇಡವೆಂದರೆ ಒಲೆಗೆ ಏನು? ರಾಯಚೂರು, ಕೊಪ್ಪಳದ ಕೂಲಿಯವರು ಎಷ್ಟೋ ದಶಕ ಬೇಯಿಸಿ ಉಂಡದ್ದು ಜಾಲಿಯ ಸೌದೆಯಲ್ಲಿ. ಇದ್ದಿಲು ಸುಟ್ಟು, ಹೊರೆ ಮಾರಿ ಬದುಕಿದವರು ಸಾವಿರಾರು ಮಂದಿ. ಬಳಸಿಯೇ ಅದನ್ನು ಮುಗಿಸೋಣ ಎಂಬ ಸಲಹೆ ಹುಟ್ಟಿದ್ದು ಇಲ್ಲಿಂದ. ಕೇಳಲು ಹಿತವಾಗಿದೆ, ಇತಿಹಾಸ ಅದರ ಪರವಾಗಿಲ್ಲ. ಗುಜರಾತ್ ಸರ್ಕಾರ 2004ರಲ್ಲಿ ಕಚ್ಛದಲ್ಲಿ ಜಾಲಿಯ ಇದ್ದಿಲಿಗೆ ಅನುಮತಿ ಕೊಟ್ಟಿತು, 2008ರಲ್ಲಿ ಅದನ್ನೇ ನಿಷೇಧಿಸಿತು. ಇದ್ದಿಲಿನವನಿಗೆ ಬೇಕಾದದ್ದು ದಪ್ಪ ಕೊಂಬೆ. ಅವನು ನೆಲದಿಂದ ಒಂದಡಿ ಮೇಲೆ ಕಡಿಯುತ್ತಾನೆ. ಜಾಲಿಯ ಜೀವ ಇರುವುದು ಅದಕ್ಕೂ ಕೆಳಗೆ, ಬೇರೂ ಕಾಂಡವೂ ಕೂಡುವ, ಮಣ್ಣಿನಲ್ಲಿ ಅರ್ಧ ಹೂತ ಗಂಟಿನಲ್ಲಿ. ಮೇಲೆ ಕಡಿದರೆ ಆ ಗಂಟಿನಿಂದ ಒಂದರ ಬದಲು ಹತ್ತು ಹದಿನೈದು ಕವಲು ಎದ್ದು, ಮರವಾಗಿದ್ದದ್ದು ಮುಳ್ಳಿನ ಪೊದೆಯಾಗುತ್ತದೆ. ಅದರಲ್ಲಿ ಇದ್ದಿಲಿನವನಿಗೆ ನಷ್ಟವೇನೂ ಇಲ್ಲ, ನಾಲ್ಕು ವರ್ಷ ಬಿಟ್ಟು ಮತ್ತೆ ಬರಬಹುದು. ಕೆನ್ಯಾದ ಬರಿಂಗೋ ಸರೋವರದ ಸುತ್ತ 80ರ ದಶಕದಲ್ಲಿ ಇದೇ ಮರವನ್ನು ಸೌದೆಗೆಂದು ನೆಟ್ಟರು. 2006ರ ಹೊತ್ತಿಗೆ ಅಲ್ಲಿನ ದನಗಾಹಿಗಳು ಸರ್ಕಾರದ ಮೇಲೆ ದಾವೆ ಹೂಡಿ, ಸಿಹಿಕೋಡು ತಿಂದು ತಿಂದು ಹಲ್ಲು ಉದುರಿದ ಮೇಕೆಯೊಂದನ್ನು ಸಾಕ್ಷಿಯೆಂದು ನ್ಯಾಯಾಲಯಕ್ಕೇ ಹೊಡೆದುಕೊಂಡು ಬಂದರು. ಸೌದೆ ಅವರಿಗೂ ಬೇಕಿತ್ತು. ಅದಕ್ಕೆ ತೆತ್ತ ಬೆಲೆ ಹುಲ್ಲುಗಾವಲು. ಇಷ್ಟಕ್ಕೂ ಅಬುಧಾಬಿಯಲ್ಲಿ ಜಾಲಿಯ ಸೌದೆಯನ್ನು ನಂಬಿ ಒಲೆ ಹಚ್ಚುವವರು ಯಾರಿದ್ದಾರೆ? ನಮ್ಮಲ್ಲಿ ಕಷ್ಟವಾದ ಕೆಲಸ ಅಲ್ಲಿ ಸುಲಭವಾಗಬೇಕಾದದ್ದು ಇದೇ ಕಾರಣಕ್ಕೆ.

ಸುಲಭವೆಂದರೂ ಕಾನೂನೊಂದೇ ಸಾಲದು. ಸುಡಾನ್ 1917ರಲ್ಲಿ ತಾನೇ ತರಿಸಿಕೊಂಡ ಮರವನ್ನು 1995ರಲ್ಲಿ ಬೇರುಸಹಿತ ಕೀಳಬೇಕೆಂದು ಕಾನೂನು ಮಾಡಿತು. ಮರ ಇನ್ನೂ ಅಲ್ಲೇ ಇದೆ. ತಮಿಳುನಾಡಿನಲ್ಲಿ ಮದರಾಸ್ ಹೈಕೋರ್ಟು ಇದನ್ನು ಕಿತ್ತುಹಾಕಲು ಆಜ್ಞೆ ಮಾಡಿ, 2017ರಲ್ಲಿ ಜೆಸಿಬಿಗಳು ಎಲ್ಲೆಡೆ ಇಳಿದು, ಆಮೇಲೆ ಪರಿಣಾಮದ ಅಧ್ಯಯನವಾಗಲಿ ಎಂದು ಕೋರ್ಟೇ ತಡೆಯೊಡ್ಡಿತು. ಆಸ್ಟ್ರೇಲಿಯಾ ಒಂದು ಎಲೆ ತಿನ್ನುವ ಪತಂಗವನ್ನು, ದಕ್ಷಿಣ ಆಫ್ರಿಕಾ ಬೀಜ ಕೊರೆಯುವ ದುಂಬಿಯನ್ನು ತಂದು ಬಿಟ್ಟವು. ಪತಂಗ ಕೆಲವು ಕಡೆ ಕೆಲಸ ಮಾಡಿತು. ದುಂಬಿ ಬೀಜಕ್ಕೆ ಮುಟ್ಟುವಷ್ಟರಲ್ಲಿ ದನ ಕೋಡನ್ನೇ ತಿಂದು ಮುಗಿಸಿರುತ್ತಿದ್ದರಿಂದ ಅದು ಹೆಚ್ಚು ಉಪಯೋಗಕ್ಕೆ ಬರಲಿಲ್ಲ.

ನಿಜವಾಗಿ ಗೆದ್ದ ಕತೆ ಬೇಕೆಂದರೆ ಮರ ಬಿಟ್ಟು ಪ್ರಾಣಿಯತ್ತ ತಿರುಗಬೇಕು. ದಕ್ಷಿಣ ಅಮೆರಿಕದ ನ್ಯೂಟ್ರಿಯಾ ನೀರಿನ ದಂಡೆಯಲ್ಲಿ ಬಿಲ ತೋಡಿ ಜೊಂಡಿನ ಬೇರು ತಿನ್ನುವ, ಬೆಕ್ಕಿಗಿಂತ ದೊಡ್ಡ ದಂಶಕ. ತುಪ್ಪಳದ ಆಸೆಗೆ 1929ರಲ್ಲಿ ಅದನ್ನು ಇಂಗ್ಲೆಂಡಿಗೆ ತಂದರು. ದೊಡ್ಡಿಯಿಂದ ತಪ್ಪಿಸಿಕೊಂಡವು ನಾರ್ಫೋಕ್ ಜೌಗುಪ್ರದೇಶದ ಜೊಂಡುಗಾಡನ್ನು ತಿಂದುಹಾಕಿದವು, ಕಾಲುವೆಯ ಏರಿಗಳನ್ನು ಕುಸಿಯುವಂತೆ ಮಾಡಿದವು. ತೈಲವೋ ತುಪ್ಪಳವೋ, ಲಾಭದ ಕಾಲದಲ್ಲಿ ತಂದು ನಷ್ಟದ ಕಾಲದಲ್ಲಿ ಎಣಿಸುವುದು ಎಲ್ಲ ಕಡೆ ಒಂದೇ. 60ರ ದಶಕದ ಮೊದಲ ಬೇಟೆ, ಕಡುಚಳಿಯೂ ಜೊತೆಗೂಡಿ, ಅವುಗಳ ಸಂಖ್ಯೆಯನ್ನು ಇಳಿಸಿತು, ಮುಗಿಸಲಿಲ್ಲ. 1981ರಲ್ಲಿ ಮತ್ತೆ ಆರಂಭಿಸಿದಾಗ ಲೆಕ್ಕವನ್ನೇ ಬದಲಾಯಿಸಿದರು. ಬಾಲಕ್ಕಿಷ್ಟು ಎಂದು ದುಡ್ಡು ಕೊಟ್ಟರೆ ಬೇಟೆಗಾರ ಮುಂದಿನ ವರ್ಷಕ್ಕೆಂದು ನಾಲ್ಕನ್ನು ಉಳಿಸಿಕೊಳ್ಳುತ್ತಾನೆ. ಕೊನೆಯ ಪ್ರಾಣಿ ಸತ್ತ ದಿನ ಅವನ ನೌಕರಿಯೂ ಸಾಯುತ್ತದೆ. ಅದಕ್ಕೆ 24 ಮಂದಿಯನ್ನು ಸಂಬಳಕ್ಕಿಟ್ಟು, ಪೂರ್ತಿ ಮುಗಿಸಿದರೆ ಮೂರು ವರ್ಷದ ಸಂಬಳದವರೆಗೆ ಇನಾಮು, ತಡವಾದಷ್ಟೂ ಇನಾಮು ಕಡಿಮೆ ಎಂದು ಗೊತ್ತುಮಾಡಿದರು. 1989ರಷ್ಟರಲ್ಲಿ ಕೆಲಸ ಮುಗಿಯಿತು. ಜಾಲಿ ಕಡಿಸುವ ನಮ್ಮ ಟೆಂಡರುಗಳನ್ನು ಇದರ ಪಕ್ಕಕ್ಕಿಟ್ಟು ನೋಡಿದರೆ ಎಕರೆಗಿಷ್ಟು ಅಥವಾ ಟನ್ನಿಗಿಷ್ಟು ಎಂಬುದರ ಹೊರತು ಬೇರೇನೂ ಕಾಣುವುದಿಲ್ಲ. ಪ್ರಾಣಿಗೆ ಬೀಜವಿಲ್ಲ, ಮರಕ್ಕಿದೆ, ಹೋಲಿಕೆ ಸರಿಹೋಗದು ಎನ್ನುವವರಿದ್ದಾರೆ. ನಿಜ, ಗಂಡು ಹೆಣ್ಣು ಎರಡನ್ನೂ ಹಿಡಿದರೆ ನ್ಯೂಟ್ರಿಯಾದ ವಂಶ ಮುಗಿಯಿತು. ಜಾಲಿಯ ಬೀಜ ಚಿಪ್ಪಿನೊಳಗೆ ಮಣ್ಣಿನಲ್ಲಿ ವರ್ಷಗಟ್ಟಲೆ ಕಾಯಬಲ್ಲದು. ಹಾಗಾದರೆ ಮುಗಿಸಿದ್ದಕ್ಕೆ ಕೊಡುವ ದುಡ್ಡು ಮರದ ವಿಷಯದಲ್ಲಿ ಇನ್ನಷ್ಟು ಅಗತ್ಯ, ಮತ್ತು ಇನ್ನಷ್ಟು ತಡವಾಗಿ ಕೈಗೆ ಬರಬೇಕು.

ಕೊನೆಯ ಆಕ್ಷೇಪ ಸಭ್ಯವಾದದ್ದು, ಸ್ವಲ್ಪ ಮುಜುಗರದ್ದೂ ಹೌದು. ಹತ್ತರಲ್ಲಿ ಸುಮಾರು ಒಂಬತ್ತು ಮಂದಿ ಹೊರಗಿನಿಂದ ಬಂದು ದುಡಿಯುವ ದೇಶದಲ್ಲಿ, ಮಂಗಳೂರು, ಕಾಸರಗೋಡು, ಭಟ್ಕಳದವರು ಎರಡು ಮೂರು ತಲೆಮಾರಿನಿಂದ ನೆಲೆನಿಂತ ಊರುಗಳಲ್ಲಿ, ಒಂದು ಮರವನ್ನು ಪರದೇಶಿ ಎಂದು ದೂರುವುದು ಯಾವ ನ್ಯಾಯ? ದೂರು ಪರದೇಶಿತನದ ಮೇಲಿದ್ದರೆ ಅನ್ಯಾಯವೇ. ದುಬೈಯ ಬೀದಿಬೀದಿಯಲ್ಲಿ ನಮ್ಮ ಬೇವು ಇದೆ, ಅದರ ಮೇಲೆ ಯಾರೂ ಕೊಡಲಿ ಎತ್ತಿಲ್ಲ, ಎತ್ತುವ ಕಾರಣವೂ ಇಲ್ಲ. ಜಾಲಿಯ ಲೆಕ್ಕ ಅದು ಎಲ್ಲಿಂದ ಬಂತು ಎಂಬುದರ ಮೇಲಿಲ್ಲ, ಅದರ ಕೆಳಗೆ ಏನು ಬದುಕಿದೆ ಎಂಬುದರ ಮೇಲಿದೆ, ಎಲ್-ಕೆಬ್ಲಾವಿಯವರು ಎಣಿಸಿದಂತೆ. ಸಸ್ಯಶಾಸ್ತ್ರಜ್ಞರು ಗಾಫನ್ನೂ ಜಾಲಿಯನ್ನೂ ಬಹುಕಾಲ ಒಂದೇ ಕುಲದಲ್ಲಿಟ್ಟಿದ್ದರು. 2022ರಲ್ಲಿ ಜಾಲಿಯನ್ನು ಬೇರೆ ಕುಲಕ್ಕೆ ಸೇರಿಸಿದರು. ನೆಲದ ಮೇಲೆ ಅದರಿಂದ ಆದ ವ್ಯತ್ಯಾಸ ಏನೂ ಇಲ್ಲ.

ಎಮಿರೇಟ್ಸಿನಲ್ಲಿ ಇಂದು ಜಾಲಿ ತೆಗೆಸಲು ಯಂತ್ರವಿದೆ, ಹಣವಿದೆ. ಅಬುಧಾಬಿಯ ಪರಿಸರ ಸಂಸ್ಥೆಯಂಥ, ನೆಲದ ನಕ್ಷೆ ಬಲ್ಲ ಇಲಾಖೆಗಳೂ ಇವೆ. ಗಂಟಿನ ಕೆಳಗೆ ಅಗೆದು ತೆಗೆಯಬೇಕು ಎಂಬುದು ಅವರಿಗೆ ಗೊತ್ತು. ತೆಗೆದ ಜಾಗಕ್ಕೆ ಒಂಟೆ ಬಿಟ್ಟರೆ ಮತ್ತೆ ಬೀಜ ಬೀಳುತ್ತದೆ. ನೀರು ಸೋರುವ ಪೈಪನ್ನು ಹಾಗೇ ಬಿಟ್ಟರೆ ಆ ಬೀಜ ಮೊಳೆಯುತ್ತದೆ. ಆದ್ದರಿಂದ ತೆಗೆದ ಮೇಲೂ ಕಾವಲು ಬೇಕು. ಅಮೆರಿಕದ ಚೆಸಪೀಕ್ ಕೊಲ್ಲಿಯಲ್ಲಿ ಕೊನೆಯ ನ್ಯೂಟ್ರಿಯಾ ಸಿಕ್ಕಿದ್ದು 2015ರಲ್ಲಿ. ಅದಾದ ಮೇಲೂ ಏಳು ವರ್ಷ ನಾಯಿಗಳನ್ನು ಕರೆದುಕೊಂಡು ಜೌಗನ್ನೆಲ್ಲ ಜಾಲಾಡಿ, 2022ರಲ್ಲಷ್ಟೇ ಮುಗಿಯಿತೆಂದು ಸಾರಿದರು. ಜಾಲಿ ಕಿತ್ತ ಜಾಗಕ್ಕೆ ಏಳನೆಯ ವರ್ಷದ ಮಳೆಯ ಮರುವಾರ ಯಾರು ಹೋಗಿ ಸಸಿ ಎಣಿಸಬೇಕು, ಆ ತನಕ ಬೇಲಿಯನ್ನು ಯಾರು ಕಾಯಬೇಕು, ಅದಕ್ಕೆ ಹಣ ಯಾವ ವರ್ಷದ ಬಜೆಟ್ಟಿನಿಂದ ಎಂಬುದನ್ನು ಜೆಸಿಬಿಗೆ ಡೀಸೆಲ್ ಹಾಕುವ ಮುಂಚೆ ಬರೆದಿಡಬೇಕಾಗುತ್ತದೆ, ದುಬೈಯಲ್ಲಾದರೂ ಸರಿ, ಚಳ್ಳಕೆರೆಯಲ್ಲಾದರೂ ಸರಿ.